ಮಸಿ ಸೋತಿರಲಿಲ್ಲ

ನನ್ನ ತಂಗಿಯ ಬೆಕ್ಕಿನ ಬಗ್ಗೆ ನಾನು ಸುಳ್ಳು ಹೇಳಿದೆ. ಅದನ್ನು ಪರೀಕ್ಷೆ ಮಾಡಿದವನು ನಾನು, ಅದು ಗೆದ್ದದ್ದನ್ನು ಕಣ್ಣಾರೆ ಕಂಡವನು ನಾನು, ಸೋತಿತೆಂದು ತೀರ್ಪು ಕೊಟ್ಟವನೂ ನಾನೇ. ಆ ಮಾತನ್ನು ನಂಬಿ ಅವಳು ಯಲ್ಲಾಪುರದ ತನ್ನ ಮನೆ ಬಿಟ್ಟು ಶಿರಸಿಗೆ, ನನ್ನ ಮನೆಗೆ, ಬಂದಳು.

ಬೆಕ್ಕಿನ ವಿಷಯ ತಾನೇ ಎಂದು ನಗುವವರು ನಗಬಹುದು. ನಾನೂ ಬಹಳ ವರ್ಷ ಹಾಗೆಯೇ ಅಂದುಕೊಂಡೆ — ಅಂದುಕೊಳ್ಳಲು ಹೆಣಗಿದೆ ಎನ್ನುವುದು ಹೆಚ್ಚು ಸರಿ.

ಇನ್ನೊಂದು ಮಾತನ್ನು ಮೊದಲೇ ಹೇಳಿಬಿಡಬೇಕು. ನನ್ನ ನೆನಪನ್ನು ನಾನು ನಂಬುವುದಿಲ್ಲ. ಧಾರವಾಡದಲ್ಲಿ ಮನಃಶಾಸ್ತ್ರ ಓದಿ, ಶಿರಸಿಯ ಕಾಲೇಜಿನಲ್ಲಿ ಅದನ್ನೇ ಪಾಠ ಮಾಡಿದವನು ನಾನು. ನೆನಪೆಂದರೆ ಪೆಟ್ಟಿಗೆಯಲ್ಲಿ ಮಡಿಸಿಟ್ಟ ಬಟ್ಟೆಯಲ್ಲ, ಹೊರಗೆ ತೆಗೆದಾಗಲೆಲ್ಲ ನಾವು ಅದನ್ನು ನಮ್ಮ ಮೈಗೆ ತಕ್ಕಂತೆ ಒಂದಿಷ್ಟು ಬಿಚ್ಚಿ ಹೊಲಿಯುತ್ತೇವೆ ಎಂದು ಹುಡುಗರಿಗೆ ಹೇಳಿಕೊಟ್ಟವನು. ಹಾಗಾಗಿ ಮುಂದೆ ಬರೆಯುವುದರಲ್ಲಿ ಎಷ್ಟು ನಡೆದದ್ದು, ಎಷ್ಟು ನನ್ನ ಪಶ್ಚಾತ್ತಾಪ ಸೇರಿಸಿದ್ದು — ಖಂಡಿತವಾಗಿ ಹೇಳಲಾರೆ. ಒಂದನ್ನು ಮಾತ್ರ ಖಂಡಿತವಾಗಿ ಹೇಳಬಲ್ಲೆ. ಅದನ್ನು ಅದರ ಜಾಗದಲ್ಲಿ ಹೇಳುತ್ತೇನೆ.

ತಂಗಿಯ ಹೆಸರು ನಾಗವೇಣಿ. ಮನೆಯಲ್ಲಿ ವೇಣಿ. ಡಿಗ್ರಿ ಮುಗಿಸಿದ ಹೊತ್ತಿಗೆ ಅವಳ ಕಿವಿ ಮಂದವಾಗತೊಡಗಿತು. ಮೊದಲು ಹಕ್ಕಿಯ ದನಿ ಹೋಯಿತು, ಆಮೇಲೆ ಫೋನು, ಆಮೇಲೆ ಮನುಷ್ಯರು. ಹುಬ್ಬಳ್ಳಿಯಲ್ಲಿ ತೋರಿಸಿದೆವು, ಯಂತ್ರ ಹಾಕಿಸಿದೆವು. ಯಂತ್ರದಲ್ಲಿ ಮಾತು ಕೇಳುತ್ತಿರಲಿಲ್ಲ, ಬರೀ ಗದ್ದಲ ಕೇಳುತ್ತಿತ್ತು. ತೆಗೆದಿಟ್ಟಳು. ಎದುರಿಗಿದ್ದವರ ತುಟಿ ನೋಡಿ ಮಾತು ತಿಳಿಯುವುದನ್ನು ತಾನೇ ಕಲಿತಳು. ಹೊಲಿಗೆ ಕಲಿತು ಯಲ್ಲಾಪುರದಲ್ಲಿ ಸಣ್ಣ ಬಾಡಿಗೆ ಮನೆ ಹಿಡಿದು ಒಬ್ಬಳೇ ಇದ್ದಳು. ರವಿಕೆ, ಚೂಡಿದಾರ, ಶಾಲೆಯ ಸಮವಸ್ತ್ರ. ಅವಳ ಕೈಯ ರವಿಕೆ ತೊಡಲು ಉಮ್ಮಚಗಿಯಿಂದಲೂ ಹೆಂಗಸರು ಬರುತ್ತಿದ್ದರು.

ಹೊಲಿಯುವವರಿಗೆ ಬೆಳಕು ಬೇಕು. ಆ ಮನೆಯಲ್ಲಿ ಬೆಳಕಿದ್ದದ್ದು ಹಿತ್ತಲ ಕಡೆಯ ಕಿಟಕಿಯಲ್ಲಿ ಮಾತ್ರ. ಹೀಗಾಗಿ ಮಿಷನ್ನು ಕಿಟಕಿಗೆ, ಅವಳ ಬೆನ್ನು ಬಾಗಿಲಿಗೆ. ಕಿವಿ ಕೇಳದ ಹೆಂಗಸು ದಿನವಿಡೀ ತೆರೆದ ಬಾಗಿಲಿಗೆ ಬೆನ್ನು ಹಾಕಿ ನಿಶ್ಚಿಂತೆಯಿಂದ ಕೂತಿರುತ್ತಿದ್ದಳು. ಅದು ಹೇಗೆ ಸಾಧ್ಯವಾಗಿತ್ತು ಎಂದರೆ — ಮಸಿ ಇತ್ತು.

ಮಸಿ ಅವಳ ಬೆಕ್ಕು. ಬಿಳಿಯ ಮೈ, ಮುಖದ ಅರ್ಧ ಭಾಗ ಮಾತ್ರ ಕಪ್ಪು. ಯಾರೋ ಬಾಣಲೆಯ ತಳ ಮುಟ್ಟಿದ ಕೈಯಲ್ಲೇ ಅದರ ಕೆನ್ನೆ ಸವರಿದಂತೆ. ಬಾಲದ ತುದಿ ಮುರಿದು ಒಂದು ಪಕ್ಕಕ್ಕೆ ತಿರುಗಿತ್ತು. ಒಂದು ಕಿವಿಯ ಅಂಚು ಹರಿದಿತ್ತು. ರೂಪಕ್ಕೆ ನಾನು ಏನೂ ಅಂಕ ಕೊಡುತ್ತಿರಲಿಲ್ಲ. ಗುಣವೂ ಅಷ್ಟೇ: ವೇಣಿಯ ಹೊರತು ಯಾರು ಮುಟ್ಟಿದರೂ ಉಗುರು ತೆಗೆಯುತ್ತಿತ್ತು, ನನ್ನ ಹೆಂಡತಿ ಗೀತಾಳ ಮುಂಗೈಯಲ್ಲಿ ಅದರ ಗೆರೆ ಬಹಳ ದಿನ ಇತ್ತು. ಕೆಲಸದ ವಿಷಯ ಕೇಳುವುದೇ ಬೇಡ. ಮಿಡತೆ ಹಿಡಿಯುತ್ತಿತ್ತು, ಹಲ್ಲಿಯನ್ನು ಬೆದರಿಸುತ್ತಿತ್ತು. ಒಮ್ಮೆ ನಾನಿದ್ದಾಗಲೇ ಇಲಿಯೊಂದು ಅದರ ಮುಂದಿನಿಂದ ಹಾದು ಅಕ್ಕಿ ಡಬ್ಬಿಯ ಹಿಂದೆ ಹೋಯಿತು. ಮಸಿ ಕಣ್ಣು ತೆರೆದು ನೋಡಿ ಮುಚ್ಚಿಕೊಂಡಿತು.

"ಮರಿ ಇಪ್ಪಕ್ಕಾದ್ರೆ ಕುತ್ತಿಗೆ ಹಿಡಿದು ಎತ್ತಿ ನೋಡ್ಲಿಲ್ಯನೇ?" ಎಂದು ಕೇಳಿದೆ. ನಮ್ಮ ಕಡೆ ಮರಿ ತರುವಾಗ ಹಾಗೆ ನೋಡುತ್ತಾರೆ. ಎತ್ತಿದಾಗ ಹಿಂಗಾಲು ಮೇಲಕ್ಕೆಳೆದುಕೊಂಡರೆ ಚುರುಕು, ಜೋತು ಬಿಟ್ಟರೆ ಸೋಮಾರಿ. ನಾನು ಇಂಥದ್ದನ್ನೆಲ್ಲ ನಂಬುವವನಲ್ಲ. ತಮಾಷೆಗೆ ಕೇಳಿದ್ದು.

"ನೋಡಿದ್ದಿ. ಜೋತು ಬಿಟ್ಟಿತ್ತು," ಎಂದು ವೇಣಿ ನಕ್ಕಳು. "ಆದ್ರೆ ಅದು ಇಲಿ ಹಿಡಿಯದು ಬ್ಯಾಡ, ಅಣ್ಣಯ್ಯ. ಅದ್ಕೆ ಬ್ಯಾರೆ ಕೆಲ್ಸ ಇದ್ದು. ಯಾರಾದ್ರೂ ಗೇಟು ತೆಗೆದ್ರೆ ಬಂದು ತಲೆಯಲ್ಲಿ ಯನ್ನ ಕಾಲು ನೂಕ್ತು."

"ಹಂಗಾರೆ ಹಾಲು ಉಕ್ಕಿದ್ರೂ ಹೇಳ್ತನೇ?"

"ಹಾಲಿನ ವಿಷ್ಯದಲ್ಲಿ ಅದ್ರ ನಂಬಲಾಗ್ತಿಲ್ಲೆ."

ಅವಳ ನಗು ಆಗ ಹಾಗಿತ್ತು — ತನ್ನ ಕಿವಿಗೆ ಬೀಳದ್ದರಿಂದ ಎಷ್ಟು ಜೋರಾಗಿದೆ ಎಂದು ತನಗೇ ಗೊತ್ತಿಲ್ಲದ ನಗು. ಬೀದಿಯವರೆಗೂ ಕೇಳುತ್ತಿತ್ತು. ನನ್ನ ಮನೆಯಲ್ಲಿ ಆ ನಗು ನಾನು ಕೇಳಿಲ್ಲ. ಅಥವಾ ಕೇಳಿ ಮರೆತಿದ್ದೇನೆಯೇ? ಇಲ್ಲ. ಇದನ್ನು ಗೀತಾಳಲ್ಲಿ ಕೇಳಿ ಖಾತ್ರಿ ಮಾಡಿಕೊಂಡಿದ್ದೇನೆ.

ಅವಳನ್ನು ಶಿರಸಿಗೆ ಕರೆದುಕೊಂಡು ಹೋಗಬೇಕೆಂದು ನಾನು ಯಾಕೆ ಹಟ ಹಿಡಿದೆ? ಅವಳ ಕ್ಷೇಮಕ್ಕೆ ಎಂದು ಎಲ್ಲರಿಗೂ ಹೇಳಿದೆ. ಅದರಲ್ಲಿ ನಿಜವಿಲ್ಲವೆಂದಲ್ಲ, ಒಮ್ಮೆ ಅವಳ ಕುಕ್ಕರಿನ ತಳ ಹತ್ತಿ ಮನೆ ತುಂಬ ಹೊಗೆಯಾಗಿತ್ತು. ಆದರೆ ಹಟಕ್ಕೆ ನಿಜವಾದ ಕಾರಣ ಒಂದು ಉಪನಯನದ ಊಟದ ಪಂಕ್ತಿ. ನಾನು ಮನೆಗೆ ಮಾಳಿಗೆ ಕಟ್ಟಿಸುತ್ತಿದ್ದ ಕಾಲ. ನಮ್ಮ ದೊಡ್ಡಾಯಿ, ಅಂದರೆ ದೊಡ್ಡಮ್ಮ, ಎಲ್ಲರೆದುರು ಕೇಳಿದಳು: "ಮಾಳಿಗೆ ಮ್ಯಾಲೆ ಮಾಳಿಗೆ ಏರ್ತಾ ಇದ್ದಡ. ತಂಗಿಗೊಂದು ಕೋಣೆ ಇಲ್ಯನೋ ತಮಾ?" ಪಕ್ಕದವರು ಎಲೆಯ ಕಡೆ ನೋಡುತ್ತ ನಕ್ಕರು. ಮರುವಾರವೇ ಯಲ್ಲಾಪುರಕ್ಕೆ ಹೋದೆ.

ವೇಣಿ ಒಪ್ಪಲಿಲ್ಲ. ಅವಳ ಬಳಿ ಒಂದೇ ವಾದವಿತ್ತು. ಬಾಗಿಲಿಗೆ ಯಾರು ಬಂದರೂ ತನಗೆ ತಿಳಿಯುತ್ತದೆ, ತನಗೆ ಭಯವಿಲ್ಲ, ಮಸಿ ಇದೆ. ನಾನು ಹೇಳಿದೆ: ಅದು ಭ್ರಮೆ. ಬೆಕ್ಕು ಹಸಿದಾಗ ಕಾಲಿಗೆ ತಲೆ ಉಜ್ಜುತ್ತದೆ, ಆಗ ಬಾಗಿಲಲ್ಲಿ ಯಾರಾದರೂ ಇದ್ದರೆ ನಿನಗೆ ನೆನಪಿರುತ್ತದೆ, ಇಲ್ಲದಿದ್ದರೆ ಮರೆಯುತ್ತೀಯ. ಎಡಗೈಯಲ್ಲಿ ತೆಂಗಿನಕಾಯಿ ಹಿಡಿದು ಬಾವಿಗೆ ಜಾಗ ತೋರಿಸುವವರ ಬಾಯನ್ನು ಇದೇ ಮಾತಿನಿಂದ ಎಷ್ಟೋ ಅಂಗಳಗಳಲ್ಲಿ ಮುಚ್ಚಿಸಿದ್ದೆ. ನಾನು ಪರೀಕ್ಷೆ ಮಾಡಿದರೆ ಯಾವುದೂ ನಿಲ್ಲುವುದಿಲ್ಲ ಎಂಬ ಹೆಸರಿತ್ತು ನನಗೆ. ಆ ಹೆಸರನ್ನು ಎಲ್ಲರಿಗಿಂತ ಹೆಚ್ಚು ನಂಬಿದವಳು ಅವಳು.

"ನೀ ಎಲ್ಲಾನೂ ಪರೀಕ್ಷೆ ಮಾಡ್ತೆ ಅಲ್ದಾ?" ಎಂದಳು. "ಇದನ್ನೂ ಮಾಡು. ಅದ್ಕೆ ಗೊತ್ತಾಗ್ತಿಲ್ಲೆ ಹೇಳಾದ್ರೆ ಆನು ನಿನ್ನ ಮನೆಗೆ ಬತ್ತೆ. ಗೊತ್ತಾಗ್ತು ಹೇಳಾದ್ರೆ ಮತ್ತೆ ಈ ಮಾತು ತೆಗಿಯಲಾಗ."

ತನ್ನ ಇಡೀ ಬದುಕನ್ನು ಬೆಕ್ಕಿನ ತಲೆಯ ಮೇಲೆ ಇಟ್ಟಳು ಅಂದುಕೊಂಡೆ. ಅಲ್ಲ. ನನ್ನ ಪ್ರಾಮಾಣಿಕತೆಯ ಮೇಲೆ ಇಟ್ಟಿದ್ದಳು.

ಮಧ್ಯಾಹ್ನದ ಹೊತ್ತು. ಅವಳು ಎಂದಿನಂತೆ ಮಿಷನ್ನಿಗೆ ಕೂತಳು. ಪಕ್ಕದ ಮನೆಯ ರಫೀಕ್ ಆಟೋ ಓಡಿಸುತ್ತಿದ್ದ. ಅವನನ್ನು ಕರೆದು ಹೇಳಿದೆ. ನಿನಗೆ ಮನಸ್ಸು ಬಂದಾಗ ಗೇಟು ತೆಗೆದು ಸದ್ದಿಲ್ಲದೆ ಜಗಲಿಗೆ ಬಾ, ಸ್ವಲ್ಪ ಹೊತ್ತು ನಿಂತು ಹೋಗು, ನಡುವೆ ಬೇಕಷ್ಟು ಹೊತ್ತು ಬಿಡು, ಯಾವಾಗ ಬರುತ್ತೀಯೆಂದು ನನಗೂ ಹೇಳಬೇಡ.

"ಬೆಕ್ಕಿಗೂ ಪರೀಕ್ಷಾ ಇಟ್ಟೀರೇನ್ರಿ ಸರ?" ಎಂದ ರಫೀಕ್. "ಫೇಲಾದ್ರ ಸಪ್ಲಿಮೆಂಟರಿ ಐತೋ ಇಲ್ಲೋ, ಮೊದಲ ಹೇಳಿಬಿಡ್ರಿ. ಪಾಪ, ಒಂದು ವರ್ಷ ಹಾಳಾದೀತು."

ನಾನು ಕಿಟಕಿಯ ಪಕ್ಕ, ಬಾಗಿಲು ಕಾಣದಂತೆ ನಿಂತೆ. ನನ್ನ ಮುಖ ನೋಡಿ ಬೆಕ್ಕಿಗೆ ಸುಳಿವು ಸಿಗಬಾರದಲ್ಲ. ಮಸಿ ಬಟ್ಟೆಯ ಗಂಟಿನ ಮೇಲೆ ಮಲಗಿತ್ತು. ಬೀದಿಯಲ್ಲಿ ಬೈಕು ಹೋಯಿತು, ಮಕ್ಕಳು ಕೂಗಿಕೊಂಡು ಹೋದರು, ಅದು ಅಲುಗಲಿಲ್ಲ. ಆಮೇಲೆ ತಲೆ ಎತ್ತಿತು. ಹರಿದ ಕಿವಿ ಬಾಗಿಲ ಕಡೆ ತಿರುಗಿತು. ಇಳಿದು ಬಂದು, ಮಿಷನ್ನಿನ ತುಳಿಮಣೆಯ ಮೇಲಿದ್ದ ಅವಳ ಪಾದಕ್ಕೆ ಹಣೆ ಒತ್ತಿತು. ತಿರುಗಿ ನೋಡಿದೆ. ಜಗಲಿಯಲ್ಲಿ ರಫೀಕ್ ಬಾಯಿಯ ಮೇಲೆ ಬೆರಳಿಟ್ಟು ನಿಂತಿದ್ದ.

ಮತ್ತೆ ಹಾಗೆಯೇ ಆಯಿತು. ಮತ್ತೆ. ಎಷ್ಟು ಸಲ? ಇಲ್ಲಿ ನನ್ನ ನೆನಪು ಕೈಕೊಡುತ್ತದೆ. ವರ್ಷ ಕಳೆದಂತೆ ಆ ಎಣಿಕೆ ನನ್ನೊಳಗೆ ಏರುತ್ತಲೇ ಹೋಗಿದೆ — ನನ್ನ ದುಃಖ ಬೆಕ್ಕನ್ನು ವರ್ಷದಿಂದ ವರ್ಷಕ್ಕೆ ಜಾಣ ಮಾಡುತ್ತಿದೆಯೋ ಏನೋ. ಆದರೆ ರಫೀಕ್ ಬಂದು ನಿಂತಾಗ ಅದು ಒಮ್ಮೆಯೂ ಏಳದೆ ಉಳಿಯಲಿಲ್ಲ. ಇಷ್ಟನ್ನು ಎಷ್ಟು ಅನುಮಾನಿಸಿದರೂ ಅಳಿಸಲಾಗಿಲ್ಲ.

ಒಂದು ಸಲ ಮಾತ್ರ ಮಸಿ ಎದ್ದು ಬಂದು ಕಾಲು ನೂಕಿತು, ವೇಣಿ ತಿರುಗಿ ನೋಡಿದಳು, ನಾನೂ ನೋಡಿದೆ — ಬಾಗಿಲಲ್ಲಿ ಯಾರೂ ಇರಲಿಲ್ಲ.

ಆಮೇಲೆ ಜಗಲಿಯಲ್ಲಿ ಚಹಾ ಕುಡಿಯುವಾಗ ರಫೀಕ್ ಹೇಳಿದ: "ನಡುವ ಒಮ್ಮೆ ಗೇಟು ತೆಗದು ಒಳಗ ಕಾಲಿಟ್ಟಿದ್ದೆ ಸರ. ಬಾಡಿಗಿ ಫೋನ್ ಬಂತು. ಹಂಗ ಹಿಂದ ಸರದು ಗ್ವಾಡಿ ಮರೆಯಾಗ ನಿಂತು ಮಾತಾಡಿದೆ."

ಅಂದರೆ ಅದೂ ತಪ್ಪಾಗಿರಲಿಲ್ಲ.

ನಾನು ವೇಣಿಯ ಎದುರು ಹೋಗಿ ನಿಂತೆ. ಅವಳಿಗೆ ಸರಿಯಾಗಿ ತಿಳಿಯಲೆಂದು ತುಟಿಗಳನ್ನು ಬಿಡಿಸಿ ಬಿಡಿಸಿ ಹೇಳಿದೆ: "ಯಾರೂ ಇಲ್ದೇ ಇದ್ರೂ ಎದ್ದು ಬಂತು, ವೇಣಿ. ಅದ್ಕೆ ಬಾಗ್ಲು ಗೊತ್ತಿಲ್ಲೆ. ನಿನ್ನ ಕಾಲು ಗೊತ್ತಿದ್ದು, ಅಷ್ಟೇಯ."

"ಬಾಕಿ ಸಲ?" ಎಂದಳು.

"ಆಕಸ್ಮಿಕ."

ಅವಳು ನನ್ನ ತುಟಿಗಳನ್ನೇ ನೋಡುತ್ತಿದ್ದಳು. ನಾನು ಇನ್ನೊಂದು ಸಲ ಹೇಳಿದೆ, ಇನ್ನಷ್ಟು ಸ್ಪಷ್ಟವಾಗಿ.

ಖಂಡಿತವಾಗಿ ಹೇಳಬಲ್ಲೆ ಎಂದೆನಲ್ಲ, ಅದು ಇದು: ಈ ಮಾತು ನನ್ನ ಬಾಯಲ್ಲಿ ಪರೀಕ್ಷೆಗೆ ಮೊದಲೇ ಸಿದ್ಧವಾಗಿತ್ತು. ಶಿರಸಿಯಿಂದ ಬರುವ ಬಸ್ಸಿನಲ್ಲೇ ಅದನ್ನು ಜೋಡಿಸಿಕೊಂಡಿದ್ದೆ. ಬೆಕ್ಕು ಏನು ಮಾಡಿದ್ದರೂ ಅಷ್ಟೇ.

ಆ ಸಂಜೆ ಅವಳು ಅಳಲಿಲ್ಲ, ಜಗಳವಾಡಲಿಲ್ಲ. ಆದರೆ ಸಾಮಾನು ಕಟ್ಟುವ ದಿನಗಳಲ್ಲಿ ಒಂದು ಘಟನೆ ನಡೆಯಿತು. ಇದನ್ನು ಬರೆಯದೆ ಈ ನಿವೇದನೆಗೆ ಅರ್ಥವಿಲ್ಲ. ಅವಳು ಕೊನೆಯ ಕೆಲವು ರವಿಕೆ ಮುಗಿಸಿಕೊಡುತ್ತಿದ್ದಳು. ನಾನು ಪಾತ್ರೆಗಳನ್ನು ಚೀಲಕ್ಕೆ ತುಂಬುತ್ತಿದ್ದೆ. ರಫೀಕನ ಹೆಂಡತಿ ಶಾಹಿದಾ ಬಟ್ಟೆ ಹಿಡಿದು ಬಾಗಿಲಿಗೆ ಬಂದಳು. ಮಸಿ ಎದ್ದು ಹೋಗಿ ವೇಣಿಯ ಪಾದಕ್ಕೆ ಹಣೆ ಒತ್ತಿತು. ವೇಣಿ ಕೆಳಗೆ ನೋಡದೆ ಕಾಲಿನಿಂದ ಅದನ್ನು ಪಕ್ಕಕ್ಕೆ ನೂಕಿದಳು. ಅದು ಮತ್ತೆ ಬಂತು. ಮತ್ತೆ ನೂಕಿದಳು, ಈ ಸಲ ಜೋರಾಗಿ. "ಹೋಗು ಅತ್ಲಾಗೆ, ಹೊಟ್ಟೆಬಾಕ ಮುಂಡೇದೆ," ಎಂದಳು. ಶಾಹಿದಾ "ಅಕ್ಕಾ, ಅಕ್ಕಾ" ಎಂದು ಕರೆದು, ನನ್ನ ಮುಖ ನೋಡಿ, ಅಣ್ಣ ತಂಗಿ ಏನೋ ಸಿಟ್ಟಿನಲ್ಲಿದ್ದಾರೆ ಎಂದುಕೊಂಡು ತಿರುಗಿ ಹೋದಳು. ಮಸಿ ನಡುಮನೆಯಲ್ಲಿ ಕೂತು ಒಮ್ಮೆ ಬಾಗಿಲು ನೋಡಿತು, ಒಮ್ಮೆ ಅವಳ ಬೆನ್ನು ನೋಡಿತು.

ನಾನು ಎರಡು ಹೆಜ್ಜೆ ಮುಂದೆ ಹೋಗಿ ಅವಳ ಭುಜ ಮುಟ್ಟಿದ್ದರೆ ಸಾಕಿತ್ತು. ಪಾತ್ರೆ ತುಂಬುತ್ತಲೇ ಇದ್ದೆ.

ಬೆಕ್ಕನ್ನು ಶಿರಸಿಗೆ ತರುವ ಮಾತು ಬಂದಾಗ ಗೀತಾ ಬೇಡವೆಂದಳು. ವೇಣಿಯೂ ಬೇಡವೆಂದಳು. "ಅದ್ರ ಮುಖ ನೋಡಿದ್ರೆ ಯಂಗೆ ಯನ್ನ ಮ್ಯಾಲೇ ನಗು ಬತ್ತು, ಅಣ್ಣಯ್ಯ. ಇಷ್ಟು ವರ್ಷ ಎಂತ ಮಳ್ಳು ಆಗಿದ್ದಿ ಆನು." ಹೇಳಿ ನಗಲಿಲ್ಲ.

ರಫೀಕನ ಮನೆಗೇ ಕೊಟ್ಟದ್ದಾಯಿತು. ಹೊಸ ಮನೆಗೆ ಬಂದ ಬೆಕ್ಕನ್ನು ಒಲೆಯ ಸುತ್ತ ಮೂರು ಸುತ್ತು ತಂದು ಬಿಡಬೇಕು, ಆಗ ಅದು ಹಳೆಯ ಮನೆ ಮರೆಯುತ್ತದೆ ಎಂದು ನಮ್ಮಲ್ಲಿ ರೂಢಿ. ಶಾಹಿದಾಳ ಗ್ಯಾಸ್ ಒಲೆ ಕಟ್ಟೆಯ ಮೇಲೆ ಗೋಡೆಗೆ ತಾಗಿತ್ತು. ಸುತ್ತು ಬರಲು ಜಾಗವಿಲ್ಲ. ರಫೀಕ್ ಪೈಪು ಬರುವಷ್ಟು ದೂರ ಒಲೆಯನ್ನು ಎಳೆದು ನೆಲಕ್ಕಿಟ್ಟ. "ಅಕ್ಕಾ, ಪೈಪ್ ದಾಟೂ ಮುಂದ ಎಡವಬ್ಯಾಡ್ರಿ," ಎಂದ. ವೇಣಿ ಮಸಿಯನ್ನು ಎದೆಗೆ ಅವಚಿಕೊಂಡು ಸುತ್ತು ಬಂದಳು. ನಾನು ಬಾಗಿಲಲ್ಲಿ ನಿಂತು ಇದೊಂದು ಮೂಢನಂಬಿಕೆ ಎಂದು ಯೋಚಿಸುತ್ತಿದ್ದೆ. ನಿಜವಾಗಿ ಅದನ್ನೇ ಯೋಚಿಸುತ್ತಿದ್ದೆ! ಅವಳ ಗದ್ದ ಬೆಕ್ಕಿನ ತಲೆಯ ಮೇಲಿತ್ತು. ಕೊನೆಯ ಸುತ್ತನ್ನು ಬಹಳ ನಿಧಾನವಾಗಿ ಬಂದಳು.

ಮಸಿ ಅಲ್ಲಿ ನಿಲ್ಲಲಿಲ್ಲ. ಹಳೆಯ ಮನೆಗೆ ವಾಪಸು ಹೋಯಿತು. ಮನೆಗೆ ಹೊಸ ಬಾಡಿಗೆದಾರರು ಬಂದಿರಲಿಲ್ಲ, ಬೀಗ ಹಾಕಿತ್ತು. ರಫೀಕ್ ನನಗೆ ಫೋನು ಮಾಡಿದ: "ಸರ, ಜಗಲಿ ಬಿಟ್ಟು ಬರಾಕ ಒಲ್ಲದು. ಯಾರರ ಗೇಟು ತೆಗದ್ರ ಎದ್ದು ಹೋಗಿ ಮುಚ್ಚಿದ ಬಾಗಲಕ್ಕ ತಲಿ ಕೊಟ್ಟು ನೂಕತೈತಿ. ಅಕ್ಕಾರಿಗೆ ಹೇಳ್ರಿ, ಒಮ್ಮೆ ಬಂದು ಹೋಗ್ಲಿ."

ಹೇಳಲಿಲ್ಲ. ವೇಣಿ "ಮಸಿ ಹೆಂಗಿದ್ದಡ?" ಎಂದು ಕೇಳಿದಾಗ "ಆರಾಮಿದ್ದಡ" ಎಂದೆ. ಶಾಹಿದಾ ಜಗಲಿಗೇ ಅನ್ನ ಒಯ್ದು ಹಾಕುತ್ತಿದ್ದಳಂತೆ. ಮಳೆಗಾಲದಲ್ಲಿ ಒಂದು ಬೆಳಿಗ್ಗೆ ಅನ್ನ ಹಾಗೆಯೇ ಇತ್ತಂತೆ. ಮಸಿ ಹೊಸ್ತಿಲಿಗೆ ಒತ್ತಿಕೊಂಡು ಮಲಗಿದ್ದದ್ದು ಏಳಲಿಲ್ಲ. ರಫೀಕ್ ಅದನ್ನು ಹಿತ್ತಲಲ್ಲಿ, ಆ ಕಿಟಕಿಯ ಕೆಳಗೆ, ಹುಗಿದ. ಅದಾದ ಮೇಲೂ ವೇಣಿ ಕೇಳುತ್ತಿದ್ದಳು, ನಾನು ಆರಾಮಿದೆ ಎನ್ನುತ್ತಿದ್ದೆ. ಎಷ್ಟೋ ಕಾಲದ ಮೇಲೆ ಅವಳು ಕೇಳುವುದನ್ನು ಬಿಟ್ಟಳು.

ನನ್ನ ಮನೆಯಲ್ಲಿ ಅವಳಿಗೆ ಮಾಳಿಗೆಯ ಮೇಲೆ ಕೋಣೆ ಕೊಟ್ಟೆವು. ಒಳ್ಳೆಯ ಕೋಣೆ, ದೊಡ್ಡ ಕಿಟಕಿ. ಮಿಷನ್ನನ್ನು ನಾನೇ ಕಿಟಕಿಗೆ ಹಾಕಿಸಿದೆ. ಒಂದು ದಿನ ಗೀತಾ ಚಹಾ ತಂದು ಹಿಂದಿನಿಂದ ಭುಜ ಮುಟ್ಟಿದಾಗ ವೇಣಿ ಕಿರುಚಿ ಎದ್ದಳು, ಸೂಜಿ ಬೆರಳಿಗೆ ಇಳಿಯಿತು. ಮರುದಿನ ನೋಡಿದರೆ ಮಿಷನ್ನನ್ನು ತಾನೇ ಎಳೆದು ಮೂಲೆಗೆ ಹಾಕಿಕೊಂಡಿದ್ದಳು; ಬೆನ್ನು ಗೋಡೆಗೆ, ಮುಖ ಬಾಗಿಲಿಗೆ. ಅಂದಿನಿಂದ ಹಾಗೆಯೇ. ಬೆಳಕು ಪಕ್ಕದಿಂದ ಬರುತ್ತದೆ, ಅವಳ ಕೈಯ ನೆರಳು ಹೊಲಿಗೆಯ ಮೇಲೆಯೇ ಬೀಳುತ್ತದೆ. ಎರಡು ಹೊಲಿಗೆಗೊಮ್ಮೆ ತಲೆ ಎತ್ತಿ ಬಾಗಿಲು ನೋಡುತ್ತಾಳೆ. ಅವಳ ರವಿಕೆಯ ಹೊಲಿಗೆ ಸೊಟ್ಟಗಾಗತೊಡಗಿತು. ತರುವವರು ಕಡಿಮೆಯಾದರು. ಈಗ ಮನೆಯವರ ಹರಿದ ಬಟ್ಟೆ ಹೊಲಿಯುತ್ತಾಳೆ.

ಇಷ್ಟೆಲ್ಲ ಕಣ್ಣೆದುರಿದ್ದೂ ನಾನು ಹೇಗೆ ಬದುಕಿದೆ? ನನ್ನ ನೆನಪು ಸಹಾಯ ಮಾಡಿತು. ಅದರಲ್ಲಿ ಕ್ರಮ ಹೀಗಿತ್ತು: ಮೊದಲು ನಾನು ತೀರ್ಪು ಹೇಳಿದೆ, ಆಮೇಲೆ ರಫೀಕ್ ಗೇಟಿನ ವಿಷಯ ಹೇಳಿದ. ಅಷ್ಟರಲ್ಲಿ ಮಾತು ಆಡಿ ಆಗಿತ್ತು, ಹಿಂದೆ ತೆಗೆದುಕೊಳ್ಳುವುದು ಹೇಗೆ — ಎಂದು. ಬಸ್ಸಿನಲ್ಲಿ ಜೋಡಿಸಿಕೊಂಡ ಮಾತಿನ ನೆನಪನ್ನೂ ಈ ಕ್ರಮ ಮುಚ್ಚಿಹಾಕಿತ್ತು. ವರ್ಷಗಟ್ಟಲೆ ಇದನ್ನು ನಾನು ಪೂರ್ತಿ ನಂಬಿದ್ದೆ.

ಈಚೆಗೆ ಚಂದಗುಳಿಯಲ್ಲಿ ಸಂಬಂಧಿಕರ ಮನೆಯ ಕಾರ್ಯ ಮುಗಿಸಿ ಬರುವಾಗ ಯಲ್ಲಾಪುರದ ಬಸ್ ನಿಲ್ದಾಣದ ಹತ್ತಿರ ರಫೀಕ್ ಸಿಕ್ಕ. ಗಡ್ಡ ಬೆಳ್ಳಗಾಗಿದೆ. ಹಳೆಯ ಮಾತು ಬಂತು. ಅವನೇ ನಗುತ್ತ ಹೇಳಿದ: "ನಾ ಫೋನ್ ಬಂದಿದ್ದು ಹೇಳಿದ್ದಕ್ಕ ನೀವು ಚಹಾದ ಕಪ್ ಅಲ್ಲೇ ಇಟ್ಟು ಎದ್ದು ಒಳಗ ಹೋದ್ರಿ ಸರ. ಅಕ್ಕಾರಿಗೆ ಖುಷಿ ಸುದ್ದಿ ಹೇಳಾಕ ಹೊಂಟ್ರು ಅಂದ್ಕೊಂಡೆ. ಮಿಷನ್ ಸದ್ದು ಗಪ್ ಅಂತು."

ಅವನಿಗೆ ಇಂದಿಗೂ ಗೊತ್ತಿಲ್ಲ. ಆ ಪರೀಕ್ಷೆಯ ಮೇಲೆ ಏನು ನಿಂತಿತ್ತೆಂದು ನಾವು ಅವನಿಗೆ ಹೇಳಿರಲಿಲ್ಲ; ಬೆಕ್ಕು ಪಾಸಾಯಿತೆಂದೇ ಅವನು ತಿಳಿದಿದ್ದಾನೆ.

ಬಸ್ಸಿನಲ್ಲಿ ಶಿರಸಿಯವರೆಗೂ ಕೂರಲಾಗಲಿಲ್ಲ, ಸೀಟಿದ್ದರೂ ನಿಂತೇ ಬಂದೆ. ರಫೀಕನ ನೆನಪು ಸರಿಯೇ, ನನ್ನದು ಸರಿಯೇ ಎಂದು ತೂಗಿ ನೋಡಬಹುದಿತ್ತು. ನನ್ನ ವಿದ್ಯೆ ಅದಕ್ಕೆ ಬೇಕಾದಷ್ಟು ಸಾಮಗ್ರಿ ಕೊಡುತ್ತದೆ. ಆದರೆ ಅವನ ನೆನಪಿಗೆ ಯಾವ ಲಾಭವೂ ಇಲ್ಲ. ನನ್ನದಕ್ಕೆ ಇದೆ. ಜೀವಮಾನವಿಡೀ ಬೇರೆಯವರ ಮೇಲೆ ಪ್ರಯೋಗಿಸಿದ ಅನುಮಾನವನ್ನು ಮೊದಲ ಬಾರಿ ನನ್ನ ಮೇಲೆ ಪ್ರಯೋಗಿಸಿದೆ, ಮತ್ತು ಅಂದು ಬಸ್ಸಿನಲ್ಲಿ ಜೋಡಿಸಿಕೊಂಡಿದ್ದ ಆ ಮಾತು ಮತ್ತೆ ನೆನಪಿಗೆ ಬಂತು.

ಮೊನ್ನೆ ವೇಣಿಗೆ ಹೇಳಿದೆ. ಮಾಳಿಗೆ ಹತ್ತಿ ಹೋಗಿ, ಅವಳೆದುರು ಮಣೆ ಹಾಕಿ ಕೂತು, ತುಟಿ ಬಿಡಿಸಿ ಎಲ್ಲವನ್ನೂ ಹೇಳಿದೆ. ಪರೀಕ್ಷೆ, ಗೇಟು, ಆ ಮಾತು. ಜಗಲಿ, ಮುಚ್ಚಿದ ಬಾಗಿಲು, ಮಳೆಗಾಲ. ದೊಡ್ಡಾಯಿಯ ಹೆಸರು ತೆಗೆಯಲಿಲ್ಲ. ಕುಕ್ಕರಿನ ಹೊಗೆಯ ಹೆಸರೂ ತೆಗೆಯಲಿಲ್ಲ.

ಬೈಯುತ್ತಾಳೆ, ಇಷ್ಟು ವರ್ಷ ಯಾಕೆ ಹೇಳಲಿಲ್ಲ ಎಂದು ಕೇಳುತ್ತಾಳೆ ಎಂದು ಕಾದೆ. ತನ್ನ ಹೋದ ಮನೆಯ ಬಗ್ಗೆ ಅವಳು ಏನೂ ಕೇಳಲಿಲ್ಲ. ಒಂದೇ ಕೇಳಿದಳು.

"ಹಂಗಾರೆ ಆನು ಅದ್ನ ಕಾಲಲ್ಲಿ ನೂಕಿದಾಗೆಲ್ಲ... ಬಾಗ್ಲಲ್ಲಿ ಜನ ಇದ್ದಿದ್ವನೋ?"

ಇಲ್ಲ ಎನ್ನಬಹುದಿತ್ತು. ನನಗೆ ಸರಿಯಾಗಿ ನೆನಪಿಲ್ಲ ಎನ್ನಬಹುದಿತ್ತು. ಆ ಮಾತು ನಾಲಿಗೆಯ ತುದಿಗೆ ಬಂದಿತ್ತು.

"ಇದ್ದಿದ್ವು," ಎಂದೆ.

ವೇಣಿ ನನ್ನ ಕಡೆಯಿಂದ ಮುಖ ತಿರುಗಿಸಿ ಗೋಡೆ ನೋಡಿದಳು. ನನ್ನ ತುಟಿ ಕಾಣಿಸದ ಮೇಲೆ ನಾನು ಹೇಳುವುದು ಯಾವುದೂ ಅವಳನ್ನು ತಲುಪುವುದಿಲ್ಲ. ಅಲ್ಲೇ ಕೂತಿದ್ದೆ. ಅವಳು ತಿರುಗಲಿಲ್ಲ.